ಕಾರ್ಡು ಹಾಸಿಗೆಗೆ, ಹಲ್ಲು ಕುರ್ಚಿಗೆ

ಪ್ರಶ್ನೆ: ನಮ್ಮದು ಶಿರಾ ತಾಲ್ಲೂಕಿನ ಹಳ್ಳಿ. ಬಿಪಿಎಲ್ ಕಾರ್ಡಿದೆ, ಆಯುಷ್ಮಾನ್ ಕಾರ್ಡನ್ನೂ ಮಾಡಿಸಿದ್ದೇವೆ. ಏಳು ವರ್ಷದ ಮಗಳಿಗೆ ಕೆಳಗಿನ ದವಡೆಹಲ್ಲು ಹುಳುಕಾಗಿದೆ, ರಾತ್ರಿ ಎದ್ದು ಅಳುತ್ತಾಳೆ. ಹಾಲುಹಲ್ಲು ತಾನೆ, ಬಿದ್ದುಹೋಗುತ್ತೆ ಬಿಡು ಅಂತಾರೆ ಮನೆಯಲ್ಲಿ. ನನಗೂ ಒಂದು ಹಲ್ಲಿಗೆ ರೂಟ್ ಕೆನಾಲ್ ಮಾಡಿ ಕ್ಯಾಪ್ ಹಾಕಬೇಕಂತೆ, ಹತ್ತು ಸಾವಿರ ಆಗುತ್ತಂತೆ. ಅತ್ತೆಗೆ 66, ಮೇಲೆ ಕೆಳಗೆ ಸೇರಿ ನಾಲ್ಕೈದು ಹಲ್ಲು ಉಳಿದಿವೆ. ಕ್ಲಿನಿಕ್‌ನಲ್ಲಿ ಆಯುಷ್ಮಾನ್ ಕಾರ್ಡ್ ತೋರಿಸಿದೆ, 'ಹಲ್ಲಿಗೆಲ್ಲ ಇದು ನಡೆಯಲ್ಲ' ಅಂದರು. ಐದು ಲಕ್ಷದ ಕಾರ್ಡು ಒಂದು ಹಲ್ಲಿಗೂ ಆಗುವುದಿಲ್ಲವೆ? ನಮ್ಮ ಯಜಮಾನರು ವಸಂತನರಸಾಪುರದಲ್ಲಿ ಕಾರ್ಖಾನೆ ಕೆಲಸಕ್ಕೆ ಹೋಗುತ್ತಾರೆ.

ಉತ್ತರ: ನಿಮ್ಮ ಪತ್ರದಲ್ಲಿ ಎಲ್ಲಕ್ಕಿಂತ ಬೆಲೆಬಾಳುವ ಸಾಲು ಕೊನೆಯದು. ಯಜಮಾನರು ಕಾರ್ಖಾನೆಗೆ ಹೋಗುತ್ತಾರೆ ಅಂತ ಸುಮ್ಮನೆ ಸೇರಿಸಿದ್ದೀರಿ, ಆದರೆ ನಿಮ್ಮ ಮೂವರ ಹಲ್ಲಿಗೂ ದಾರಿ ಅಲ್ಲೇ ಇರಬಹುದು. ಅದಕ್ಕೆ ಆಮೇಲೆ ಬರುತ್ತೇನೆ.

ಮೊದಲು ಆ ಕಾರ್ಡಿನ ವಿಷಯ. ಕ್ಲಿನಿಕ್‌ನವರು ಹೇಳಿದ್ದು ಸುಳ್ಳಲ್ಲ, ಪೂರ್ತಿ ನಿಜವೂ ಅಲ್ಲ. 2018ರ ಮಾರ್ಚ್‌ನಲ್ಲಿ ನಮ್ಮ ರಾಜ್ಯದಲ್ಲಿ 'ಆರೋಗ್ಯ ಕರ್ನಾಟಕ' ಶುರುವಾಯಿತು. ಅದೇ ಸೆಪ್ಟೆಂಬರ್‌ನಲ್ಲಿ ಕೇಂದ್ರದ ಆಯುಷ್ಮಾನ್ ಭಾರತ್ ಬಂತು, ಅಕ್ಟೋಬರ್ ಕೊನೆಗೆ ಎರಡನ್ನೂ ಸೇರಿಸಿದರು. ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದವರೆಗೆ, ಎಪಿಎಲ್‌ನವರಿಗೆ ಪ್ಯಾಕೇಜ್ ದರದ ಶೇ. 30ರಷ್ಟು, ಅದೂ ವರ್ಷಕ್ಕೆ ಒಂದೂವರೆ ಲಕ್ಷದ ಮಿತಿಯಲ್ಲಿ. ಈ ಯೋಜನೆ ಹುಟ್ಟಿದ್ದೇ ಆಸ್ಪತ್ರೆಗೆ ದಾಖಲಾಗುವವರಿಗಾಗಿ. ಹೃದಯದ ಆಪರೇಷನ್, ಕ್ಯಾನ್ಸರ್, ಅಪಘಾತದಂಥ, ಮನೆಯನ್ನೇ ಸಾಲಕ್ಕೆ ತಳ್ಳುವ ಖರ್ಚಿಗೆ ಅಡ್ಡ ನಿಲ್ಲಲಿ ಎಂದು. ಬಂದು ತೋರಿಸಿಕೊಂಡು ಹೋಗುವ ಹೊರರೋಗಿ ಚಿಕಿತ್ಸೆ ಇದರಲ್ಲಿ ಇಲ್ಲ. ಹುಳುಕು ತುಂಬುವುದು, ರೂಟ್ ಕೆನಾಲ್, ಅಂದಕ್ಕಾಗಿ ಮಾಡಿಸುವ ಹಲ್ಲಿನ ಕೆಲಸ ಬರುವುದಿಲ್ಲ ಎಂದು ಆಯುಷ್ಮಾನ್‌ನ ಷರತ್ತುಗಳಲ್ಲಿ ಹೆಸರು ಹಿಡಿದೇ ಬರೆದಿದ್ದಾರೆ. ರೋಗದಿಂದಲೋ ಪೆಟ್ಟಿನಿಂದಲೋ ಆಗಿ, ದಾಖಲಾಗಲೇಬೇಕಾದ ಸ್ಥಿತಿ ಬಂದರೆ ಮಾತ್ರ ವಿನಾಯಿತಿ.

ನಾನು ಇದನ್ನು ರೋಗಿಗಳಿಗೆ ಹೀಗೆ ಹೇಳುತ್ತೇನೆ: ಕಾರ್ಡು ಹಾಸಿಗೆಗೆ ದುಡ್ಡು ಕೊಡುತ್ತದೆ, ಹಲ್ಲಿನ ಕೆಲಸ ನಡೆಯುವುದು ಕುರ್ಚಿಯಲ್ಲಿ. ರೂಟ್ ಕೆನಾಲ್‌ಗೆ ನೀವು ಎರಡು ಮೂರು ಸಲ ಬಂದು, ಅರ್ಧ ಮುಕ್ಕಾಲು ಗಂಟೆ ಬಾಯಿ ತೆರೆದು ಕೂತು, ನಡೆದುಕೊಂಡೇ ಬಸ್ ಸ್ಟ್ಯಾಂಡಿಗೆ ಹೋಗುತ್ತೀರಿ. ಅಡ್ಮಿಷನ್ ಇಲ್ಲ, ವಾರ್ಡ್ ಇಲ್ಲ, ಡಿಸ್ಚಾರ್ಜ್ ಸಮ್ಮರಿ ಇಲ್ಲ. ಆ ಲೆಕ್ಕದ ಪುಸ್ತಕದಲ್ಲಿ ನಿಮ್ಮನ್ನು ಬರೆದುಕೊಳ್ಳಲು ಜಾಗವೇ ಇಲ್ಲ.

ಹಾಗಂತ ಬಾಯಿಯ ಯಾವ ಕಾಯಿಲೆಗೂ ಆಗುವುದಿಲ್ಲ ಎಂದುಕೊಳ್ಳಬೇಡಿ. ಪ್ಯಾಕೇಜ್ ಪಟ್ಟಿಯಲ್ಲಿ ಬಾಯಿ ಮತ್ತು ದವಡೆಯ ಶಸ್ತ್ರಚಿಕಿತ್ಸೆಯದೇ ಒಂದು ವಿಭಾಗವಿದೆ. ಬೈಕಿನಿಂದ ಬಿದ್ದು ದವಡೆ ಮುರಿದರೆ ತಂತಿ ಕಟ್ಟುವುದು, ಪ್ಲೇಟ್ ಹಾಕುವುದು ಬರುತ್ತದೆ. ದವಡೆಯೊಳಗಿನ ಗಡ್ಡೆ, ಕೀಲು ಅಂಟಿಕೊಂಡು ಬಾಯಿ ತೆರೆಯದಂತಾಗುವುದು, ಬಾಯಿ ಕ್ಯಾನ್ಸರ್ ಬರುತ್ತವೆ. ಗುಟ್ಕಾ ಅಡಿಕೆ ಹಾಕಿ ಹಾಕಿ ಕೆನ್ನೆಯ ಒಳಗೆಲ್ಲ ಹಗ್ಗದಂತೆ ಬಿಗಿದು ಎರಡು ಬೆರಳೂ ಹೋಗದಂತಾಗುತ್ತದಲ್ಲ, ಅದನ್ನು ಬಿಡಿಸುವ ಆಪರೇಷನ್ನೂ ಬರುತ್ತದೆ. ಹುಟ್ಟುವಾಗಲೇ ತುಟಿ, ಅಂಗುಳ ಸೀಳಿದ್ದರೆ ಅದರ ಆಪರೇಷನ್ನಿಗೂ ಉಂಟು. ತುರ್ತು ಅಲ್ಲದಿದ್ದರೆ ಸರ್ಕಾರಿ ಆಸ್ಪತ್ರೆಯಿಂದ ರೆಫರಲ್ ಚೀಟಿ ಬೇಕು. ಪಟ್ಟಿಯನ್ನು ಆಗಾಗ ಪರಿಷ್ಕರಿಸುತ್ತಿರುತ್ತಾರೆ. ಹಾಗಾಗಿ ಯೋಜನೆಯಲ್ಲಿರುವ ಆಸ್ಪತ್ರೆಯಲ್ಲಿ ಕೂರುವ ಆರೋಗ್ಯಮಿತ್ರರನ್ನು ಕೇಳಿ, ಇಲ್ಲವೇ 104ಕ್ಕೆ ಫೋನ್ ಮಾಡಿ. 'ಕಾರ್ಡಿನಲ್ಲಿ ರೂಟ್ ಕೆನಾಲ್ ಮಾಡಿಸಿಕೊಡ್ತೀವಿ, ಮೊದಲು ಇಷ್ಟು ಕಟ್ಟಿ' ಅಂತ ಕ್ಯಾಂಪಿನ ಹೆಸರಲ್ಲಿ ಯಾರಾದರೂ ಬಂದರೆ ಬೆರಳಚ್ಚು ಕೊಡಬೇಡಿ.

ಈಗ ಒಂದು ಘಟನೆ ಹೇಳಲೇಬೇಕು. ನಾನು ತಾಲ್ಲೂಕು ಆಸ್ಪತ್ರೆಯೊಂದರಲ್ಲಿ ಇದ್ದಾಗ, ಒಂದು ಸಂಜೆ ಓಪಿಡಿ ಮುಗಿಸಿ ಕೈ ತೊಳೆಯುತ್ತಿದ್ದೆ, ಕುರಿ ಮೇಯಿಸುವ ಒಬ್ಬರನ್ನು ಮಗ ಹಿಡಿದುಕೊಂಡು ಬಂದ. ಗದ್ದದ ಕೆಳಗೆಲ್ಲ ಊದಿ ಕಲ್ಲಿನಂತೆ ಗಟ್ಟಿಯಾಗಿತ್ತು. ನಾಲಿಗೆ ಮೇಲಕ್ಕೆದ್ದಿತ್ತು, ಎಂಜಲು ನುಂಗಲಾಗದೆ ಟವೆಲ್ಲನ್ನು ಬಾಯಿಗೆ ಒತ್ತಿ ಹಿಡಿದಿದ್ದರು. ಕೆಳಗಿನ ದವಡೆಹಲ್ಲಿನ ಕೀವು ಕುತ್ತಿಗೆಗೆ ಇಳಿದಿತ್ತು. ಉಸಿರುದಾರಿ ಮುಚ್ಚಿಕೊಂಡರೆ ಜೀವಕ್ಕೇ ಸಂಚಕಾರ. 108ರಲ್ಲಿ ಜಿಲ್ಲಾಸ್ಪತ್ರೆಗೆ ಕಳಿಸಿದೆವು, ಕೊಯ್ದು ಕೀವು ತೆಗೆದರು, ವಾರ ಇಟ್ಟುಕೊಂಡರು, ಒಂದು ಪೈಸೆ ತೆಗೆದುಕೊಳ್ಳಲಿಲ್ಲ. ಬದುಕಿದರು. ಆಮೇಲೆ ತೋರಿಸಲು ಬಂದಾಗ ಕೇಳಿದೆ, ಮೂರು ತಿಂಗಳಿಂದ ನೋವಿತ್ತಲ್ಲ, ಮೊದಲೇ ಯಾಕೆ ಬರಲಿಲ್ಲ ಅಂತ. 'ಒಂದ್ ಕ್ಲಿನಿಕ್‌ಗೆ ಹೋಗಿದ್ದೆ ಸಾರ್. ಕಾರ್ಡ್ ನಡೆಯಲ್ಲ ಅಂದ್ರು. ಸರಿ ಅಂತ ಹೊಗೆಸೊಪ್ಪು ಒತ್ತಿಕೊಂಡು ವಾಪಸ್ ಬಂದೆ.'

ಆ ಕ್ಲಿನಿಕ್ ಇದ್ದದ್ದು ನಮ್ಮ ಆಸ್ಪತ್ರೆಯಿಂದ ಎರಡೇ ಬೀದಿ ಆಚೆ. ನಮ್ಮಲ್ಲಿ ಆ ಹಲ್ಲನ್ನು ಬಿಪಿಎಲ್ ಕಾರ್ಡ್ ನೋಡಿ ಪುಕ್ಕಟೆ ಕಿತ್ತು ಕಳಿಸುತ್ತಿದ್ದೆವು. ಆಯುಷ್ಮಾನ್ ಬೇಕೇ ಇರಲಿಲ್ಲ. 'ಕಾರ್ಡ್ ನಡೆಯಲ್ಲ' ಅನ್ನುವ ಮಾತು ಅವರ ಕಿವಿಯಲ್ಲಿ 'ಬಡವರಿಗೆ ಎಲ್ಲೂ ಇಲ್ಲ' ಎಂದಾಗಿತ್ತು. ನಿಮ್ಮ ಪತ್ರ ಓದುವಾಗ ಅದೇ ನೆನಪಾಯಿತು. ಅಂದಹಾಗೆ ಈ ಲೆಕ್ಕಾಚಾರದ ವಿಚಿತ್ರ ನೋಡಿ: ಚಿಕ್ಕ ಗುಳಿ ಇದ್ದಾಗ ತುಂಬಿಸಲು ವಿಮೆ ಇಲ್ಲ, ಅದೇ ಗುಳಿ ಕುತ್ತಿಗೆ ಊದಿಸಿ ಮಲಗಿಸಿದರೆ ವಿಮೆ ಇದೆ. ಇದು ಸರಿಯಲ್ಲ ಅಂತ ನಮ್ಮಂಥವರು ಸಭೆಗಳಲ್ಲಿ ಹೇಳುತ್ತಲೇ ಇದ್ದೇವೆ.

ಹುಳುಕು ಯಾರಿಗೋ ಒಬ್ಬರಿಗೆ ಬರುವ ಕಾಯಿಲೆಯಲ್ಲ. ಜಗತ್ತಿನಲ್ಲಿ ಸುಮಾರು 350 ಕೋಟಿ ಜನರಿಗೆ ಒಂದಲ್ಲ ಒಂದು ಬಾಯಿಯ ಕಾಯಿಲೆ ಇದೆ ಎಂದು ವಿಶ್ವ ಆರೋಗ್ಯ ಸಂಸ್ಥೆ 2022ರ ವರದಿಯಲ್ಲಿ ಹೇಳಿದೆ. ವಿಮೆ ಅನ್ನುವುದು ನೂರರಲ್ಲಿ ನಾಲ್ಕು ಜನಕ್ಕೆ ಬರುವ ದೊಡ್ಡ ಖರ್ಚನ್ನು ನೂರು ಜನ ಹಂಚಿಕೊಳ್ಳುವ ಏರ್ಪಾಡು. ಎಲ್ಲರಿಗೂ ಬರುವ ಸಣ್ಣ ಖರ್ಚಿನ ಎದುರು ಆ ಗಣಿತ ಕೈಕೊಡುತ್ತದೆ. ಹಾಗಾಗಿ ಸಾಹುಕಾರ ದೇಶಗಳೂ ಹಲ್ಲಿನ ವಿಷಯದಲ್ಲಿ ಕೈ ಬಿಗಿ ಹಿಡಿಯುತ್ತವೆ. ಅಮೆರಿಕದಲ್ಲಿ ಬಡವರಿಗಿರುವ ಮೆಡಿಕೇಡ್ ಯೋಜನೆಯಲ್ಲಿ 21 ವರ್ಷದೊಳಗಿನವರ ಹಲ್ಲನ್ನು ನೋಡಲೇಬೇಕು ಎಂಬ ಕಾನೂನಿದೆ, ದೊಡ್ಡವರ ಹಲ್ಲು ಆಯಾ ರಾಜ್ಯದ ಇಷ್ಟ. ಮಗುವಿನ ಹಲ್ಲು ಸರ್ಕಾರದ್ದು, ಅಮ್ಮನ ಹಲ್ಲು ಅಮ್ಮನದೇ. ನಿಮ್ಮ ಮನೆಯಲ್ಲೂ ಈಗ ಆಗಿರುವುದು ಅದೇ.

ಮಗಳಿಂದ ಶುರು ಮಾಡೋಣ, ಅವಳದ್ದೇ ಅವಸರ. ಇವತ್ತು ರಾತ್ರಿ ಅವಳನ್ನು ತೊಡೆಯ ಮೇಲೆ ಮಲಗಿಸಿಕೊಂಡು ಮೊಬೈಲ್ ಟಾರ್ಚ್ ಹಿಡಿಯಿರಿ. ಕೆಳಗಿನ ಸಾಲಿನ ನಟ್ಟನಡುವಿನಿಂದ ನೋವಿರುವ ಕಡೆಗೆ ಒಂದೊಂದೇ ಎಣಿಸುತ್ತ ಹೋಗಿ. ಮುಂದಿನ ಹಲ್ಲು ಬಿದ್ದು ಖಾಲಿ ಇದ್ದರೆ ಆ ಜಾಗವನ್ನೂ ಎಣಿಸಿ. ಕಪ್ಪಾಗಿರುವುದು ನಾಲ್ಕನೆಯದೋ ಐದನೆಯದೋ ಆಗಿದ್ದರೆ ಅದು ಹಾಲುಹಲ್ಲು. ಆರನೆಯದಾಗಿದ್ದರೆ ಅದು ಶಾಶ್ವತ ಹಲ್ಲು. ಅದು ಬೀಳುವುದಿಲ್ಲ, ಕಿತ್ತರೆ ಇನ್ನೊಂದು ಬರುವುದೂ ಇಲ್ಲ. ಆರು ವರ್ಷದ ಹೊತ್ತಿಗೆ ಯಾವ ಹಾಲುಹಲ್ಲೂ ಬೀಳದೆಯೇ ಎಲ್ಲಕ್ಕಿಂತ ಹಿಂದೆ ಸದ್ದಿಲ್ಲದೆ ಹುಟ್ಟುವ ಹಲ್ಲು ಇದು. ಮನೆಯವರಿಗೆ ಗೊತ್ತೇ ಆಗುವುದಿಲ್ಲ. 'ಹಾಲುಹಲ್ಲು ಕಿತ್ತುಬಿಡಿ ಡಾಕ್ಟ್ರೇ' ಎಂದು ಕರೆತರುವ ಮಕ್ಕಳಲ್ಲಿ ಎಷ್ಟೋ ಸಲ ನನಗೆ ಸಿಗುವುದು ಈ ಆರನೆಯದೇ.

ಇನ್ನು ಹಾಲುಹಲ್ಲೇ ಆಗಿದ್ದರೂ ಬಿಡುವ ಹಾಗಿಲ್ಲ. ಹಾಲಿನ ದವಡೆಹಲ್ಲು ಬೀಳುವುದು ಹತ್ತು ಹನ್ನೆರಡನೇ ವರ್ಷಕ್ಕೆ. ಇನ್ನೂ ಮೂರು ನಾಲ್ಕು ವರ್ಷ ಅವಳು ಅದರಲ್ಲೇ ಅಗಿಯಬೇಕು. ಈಗಲೇ ಕಿತ್ತರೆ ಪಕ್ಕದ ಹಲ್ಲು ಜರುಗಿ ಬಂದು ಜಾಗ ಮುಚ್ಚುತ್ತದೆ, ಕೆಳಗಿನಿಂದ ಬರಬೇಕಾದ ಹಲ್ಲು ಸೊಟ್ಟಕ್ಕೆ ಏಳುತ್ತದೆ. ರಾತ್ರಿ ತಾನಾಗಿಯೇ ನೋವು ಬಂದು ಎಬ್ಬಿಸುತ್ತಿದೆ ಅಂದರೆ ಹುಳುಕು ನರದ ಹತ್ತಿರ ಹೋಗಿದೆ ಎಂದೇ ಲೆಕ್ಕ. ಸಿಮೆಂಟ್ ತುಂಬಿದರೆ ಸಾಕೋ, ಮಕ್ಕಳಿಗೆ ಮಾಡುವ ನರದ ಚಿಕಿತ್ಸೆ ಬೇಕೋ ಎಂಬುದನ್ನು ಎಕ್ಸ್‌ರೇ ನೋಡಿ ಹೇಳಬೇಕು. ಅಲ್ಲಿಯವರೆಗೆ ಲವಂಗದ ಎಣ್ಣೆಯನ್ನು ಹತ್ತಿಯಲ್ಲಿ ಅದ್ದಿ ಒತ್ತಬೇಡಿ, ಮಗುವಿನ ಒಸಡು ಸುಟ್ಟುಹೋಗುತ್ತದೆ.

ದುಡ್ಡಿನ ವಿಷಯಕ್ಕೆ ಬಂದರೆ, ಅವಳಿಗೆ ಆಯುಷ್ಮಾನ್‌ಗಿಂತ ಹತ್ತಿರದ ಯೋಜನೆ ಒಂದಿದೆ. 2013ರಲ್ಲಿ ಶುರುವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮ, ಊರಿನ ಮಾತಿನಲ್ಲಿ 'ಆರ್‌ಬಿಎಸ್‌ಕೆ ಡಾಕ್ಟ್ರು'. ಹುಟ್ಟಿನಿಂದ 18 ವರ್ಷದವರೆಗೆ ಸುಮಾರು 30 ಬಗೆಯ ತೊಂದರೆಗಳನ್ನು ಹುಡುಕಿ ಚಿಕಿತ್ಸೆ ಕೊಡಿಸುವುದು ಅದರ ಕೆಲಸ, ಆ ಪಟ್ಟಿಯಲ್ಲಿ ಹುಳುಕುಹಲ್ಲೂ ಇದೆ. ತಂಡ ಅಂಗನವಾಡಿಗೆ ವರ್ಷಕ್ಕೆ ಎರಡು ಸಲ, ಸರ್ಕಾರಿ ಮತ್ತು ಅನುದಾನಿತ ಶಾಲೆಗೆ ಒಂದು ಸಲ ಬರಬೇಕು. ಬಂದಾಗ ಬಾಯಿ ನೋಡುತ್ತಾರೆ, ಗುಳಿ ಕಂಡರೆ ಚೀಟಿ ಬರೆದುಕೊಡುತ್ತಾರೆ. ಆ ಚೀಟಿ ಮಗುವಿನ ಬ್ಯಾಗಿನಲ್ಲಿ, ಮಗ್ಗಿ ಪುಸ್ತಕದ ನಡುವೆ ಮಡಚಿ ಸತ್ತುಹೋಗುವುದೇ ಹೆಚ್ಚು. ಮಗಳ ಬ್ಯಾಗ್ ಒಮ್ಮೆ ಕೊಡವಿ ನೋಡಿ, ಹೋದ ವರ್ಷದ್ದೇ ಸಿಕ್ಕರೂ ಸಿಗಬಹುದು. ಸಿಗದಿದ್ದರೆ ಕಾಯುತ್ತ ಕೂರಬೇಡಿ. ಶಿರಾ ತಾಲ್ಲೂಕು ಆಸ್ಪತ್ರೆಯ ದಂತ ವಿಭಾಗಕ್ಕೆ ನೇರ ಕರೆದುಕೊಂಡು ಹೋಗಿ. ಅಲ್ಲಿ ಆಗದ ಕೆಲಸವಾದರೆ ತುಮಕೂರಿನ ಜಿಲ್ಲಾಸ್ಪತ್ರೆಗೆ ಬರೆದುಕೊಡಿ ಎಂದು ಕೇಳಿ. ಇಂಥ ಮಕ್ಕಳಿಗೆಂದೇ ಜಿಲ್ಲಾ ಮಟ್ಟದಲ್ಲಿ ಒಂದು ಕೇಂದ್ರ ಇರಬೇಕೆಂದೂ ಅದರ ಸಿಬ್ಬಂದಿಯಲ್ಲಿ ಹಲ್ಲಿನ ಡಾಕ್ಟರ್ ಇರಬೇಕೆಂದೂ ಯೋಜನೆಯ ನಿಯಮ. ಮಗಳು ಖಾಸಗಿ ಶಾಲೆಯಲ್ಲಿದ್ದರೆ ಆ ತಂಡ ಅಲ್ಲಿಗೆ ಹೋಗುವುದಿಲ್ಲ, ಆದರೆ ಆಸ್ಪತ್ರೆಯ ಬಾಗಿಲು ಯಾವ ಶಾಲೆಯ ಮಗುವಿಗೂ ತೆರೆದೇ ಇರುತ್ತದೆ.

ಅತ್ತೆಯವರದು ಸಮಾಧಾನದ ಕೆಲಸ. ನಿಮ್ಮ ಕಡೆ ಹಿರಿಯರನ್ನು ಹಲ್ಲಿನ ಸೆಟ್ ಕಟ್ಟಿಸಿಕೊಳ್ಳಿ ಅಂದರೆ 'ಮುದ್ದೆ ನುಂಗೋಕೆ ಹಲ್ಲು ಯಾಕಪ್ಪ' ಅಂತಾರೆ. ನಿಜವೇ. ಆದರೆ ಮುದ್ದೆ ಜಾರಿಸುವ ಸಾರಿನಲ್ಲಿನ ಕಾಳು, ಸೊಪ್ಪು, ತರಕಾರಿಯೆಲ್ಲ ತಟ್ಟೆಯಂಚಿಗೆ ಸರಿದು, ವರ್ಷಗಟ್ಟಲೆ ಬರೀ ಮುದ್ದೆ-ತಿಳಿಯಲ್ಲೇ ಬದುಕಿ ಸೊರಗುವುದನ್ನು ನಾನು ನೋಡಿದ್ದೇನೆ. ಬಿಪಿಎಲ್ ಕುಟುಂಬದ ಹಿರಿಯರಿಗೆ ಉಚಿತವಾಗಿ ಕೃತಕ ಹಲ್ಲಿನ ಸೆಟ್ ಕೊಡುವ 'ದಂತ ಭಾಗ್ಯ' ಯೋಜನೆಯನ್ನು ರಾಜ್ಯ ಸರ್ಕಾರ 2014-15ರಲ್ಲಿ ತಂದಿತು. ಸರ್ಕಾರಿ ದಂತ ಕಾಲೇಜುಗಳ ಜೊತೆಗೆ ಖಾಸಗಿ ದಂತ ಕಾಲೇಜುಗಳನ್ನೂ ಇದಕ್ಕೆ ಸೇರಿಸಿಕೊಂಡಿದ್ದಾರೆ. ತಾಲ್ಲೂಕು ಆಸ್ಪತ್ರೆಯ ದಂತ ವೈದ್ಯರೇ ಹೆಸರು ಬರೆದುಕೊಂಡು ಎಲ್ಲಿಗೆ, ಯಾವಾಗ ಎಂದು ಹೇಳುತ್ತಾರೆ.

ಒಂದೇ ದಿನಕ್ಕೆ ಆಗುವ ಕೆಲಸ ಅಲ್ಲ ಎಂದು ಅವರಿಗೆ ಮೊದಲೇ ತಿಳಿಸಿ. ಉಳಿದ ನಾಲ್ಕೈದು ಹಲ್ಲು ಅಲ್ಲಾಡುತ್ತಿದ್ದರೆ ಅವನ್ನು ತೆಗೆದು ಒಸಡು ಮಾಯಲು ಬಿಡಬೇಕು. ಗಟ್ಟಿಯಾಗಿದ್ದರೆ ಅವುಗಳನ್ನೇ ಆಸರೆ ಮಾಡಿಕೊಂಡು ಅರ್ಧ ಸೆಟ್ ಮಾಡಬಹುದು, ಆತುರಪಟ್ಟು ಎಲ್ಲ ಕೀಳಿಸಬೇಡಿ. ಆಮೇಲೆ ಅಳತೆಗೆ ಒಂದು ದಿನ, ಇನ್ನೊಮ್ಮೆ ನಯವಾದ ಅಳತೆಗೆ ಒಂದು ದಿನ, ಮೇಲಿನ ಕೆಳಗಿನ ದವಡೆ ಎಷ್ಟಕ್ಕೆ ಕೂಡುತ್ತದೆಂದು ಮೇಣದಲ್ಲಿ ನೋಡಲು ಒಂದು ದಿನ, ಮೇಣದ ಮೇಲೆ ಹಲ್ಲು ಜೋಡಿಸಿ ಕನ್ನಡಿಯಲ್ಲಿ ತೋರಿಸಲು ಒಂದು ದಿನ, ಕೊನೆಗೆ ಸೆಟ್ ಕೊಡಲು ಒಂದು ದಿನ. ಐದು ಓಡಾಟ. ಶಕ್ತಿ ಯೋಜನೆ ಬಂದ ಮೇಲೆ, ಅಂದರೆ 2023ರ ಜೂನ್‌ನಿಂದ, ಮೂರನೇ ಓಡಾಟಕ್ಕೇ ಕೈಬಿಡುತ್ತಿದ್ದ ಅಜ್ಜಿಯರು ಐದಕ್ಕೂ ಬರುವುದನ್ನು ಕಂಡಿದ್ದೇನೆ. ಬಸ್ ಚಾರ್ಜು ಹಲ್ಲಿನ ಚಿಕಿತ್ಸೆಯ ಭಾಗ ಅಂತ ಯಾವ ಪುಸ್ತಕದಲ್ಲೂ ಬರೆದಿರುವುದಿಲ್ಲ. ಸೆಟ್ ಬಂದ ಮೊದಲ ವಾರ ಒತ್ತುತ್ತದೆ, ಮಾತು ತೊದಲುತ್ತದೆ. ಒತ್ತುವ ಕಡೆ ಉಜ್ಜಿಸಿಕೊಳ್ಳಲು ಮತ್ತೆ ಹೋಗಬೇಕು. ಹಾಗೆ ಹೋಗದವರ ಸೆಟ್ ಗೂಡಿನ ಡಬ್ಬಿ ಸೇರುತ್ತದೆ.

ಉಳಿದವರು ನೀವು. ಮಗುವಲ್ಲ, ಹಿರಿಯರೂ ಅಲ್ಲ. ನಡುವಯಸ್ಸಿನವರ ಹಲ್ಲಿಗೆಂದು ಯಾವ 'ಭಾಗ್ಯ'ವೂ ಇಲ್ಲ. ಮನೆಯ ಸರದಿಯಲ್ಲೂ ನಿಮ್ಮದು ಕೊನೆಯೇ ಇರಬೇಕು. ನಿಮಗೆ ಎರಡು ದಾರಿ.

ಒಂದು, ಯಜಮಾನರ ಸಂಬಳದ ಚೀಟಿ. ಹತ್ತು ಅಥವಾ ಹೆಚ್ಚು ಜನ ಕೆಲಸ ಮಾಡುವ ಕಾರ್ಖಾನೆಯಲ್ಲಿ, ತಿಂಗಳ ಸಂಬಳ 21,000 ರೂಪಾಯಿ ಮೀರದಿದ್ದರೆ ಇಎಸ್‌ಐ, ಅಂದರೆ ಕಾರ್ಮಿಕರ ರಾಜ್ಯ ವಿಮೆ, ಕಡ್ಡಾಯ. ಚೀಟಿಯಲ್ಲಿ ಪಿಎಫ್ ಕೆಳಗೋ ಮೇಲೋ ಇಎಸ್‌ಐ ಎಂದು ಒಂದು ಸಾಲು ಇರುತ್ತದೆ. ಸಂಬಳ 18,000 ಅಂದುಕೊಂಡರೆ ಶೇ. 0.75ರಂತೆ 135 ರೂಪಾಯಿ ಹಿಡಿದಿರುತ್ತಾರೆ, ಕಂಪನಿ ತನ್ನ ಪಾಲಿನ ಶೇ. 3.25ರಂತೆ 585 ಕಟ್ಟುತ್ತದೆ. ಈ 720 ರೂಪಾಯಿ ಆಯುಷ್ಮಾನ್ ಮಾಡದ ಕೆಲಸ ಮಾಡುತ್ತದೆ: ಇಎಸ್‌ಐಗೆ ಹಾಸಿಗೆಯೂ ಸೈ, ಕುರ್ಚಿಯೂ ಸೈ. ಹೊರರೋಗಿ ಚಿಕಿತ್ಸೆ ಅದರ ಮೂಲದಲ್ಲೇ ಇದೆ, ಕುಟುಂಬಕ್ಕೆ ವರ್ಷಕ್ಕೆ ಇಷ್ಟೇ ಎಂಬ ಮಿತಿ ಇಲ್ಲ. ಹೆಂಡತಿ, ಮಕ್ಕಳು, ಅವರನ್ನೇ ನಂಬಿರುವ ಅಪ್ಪ ಅಮ್ಮ ಎಲ್ಲ ಬರುತ್ತಾರೆ. ಅಂದರೆ ನಿಮ್ಮ ಅತ್ತೆಯವರೂ.

ಆದರೆ ನಿಮ್ಮ ಹೆಸರುಗಳು ಅಲ್ಲಿ ಸೇರಿರಬೇಕು. ಎಷ್ಟೋ ಕಾರ್ಮಿಕರು ಕೆಲಸಕ್ಕೆ ಸೇರುವಾಗ ಬ್ರಹ್ಮಚಾರಿಗಳು, ಮದುವೆ ಆಗಿ ಮಕ್ಕಳಾದರೂ ದಾಖಲೆಯಲ್ಲಿ ಇನ್ನೂ ಒಂಟಿ. ಎಚ್.ಆರ್. ಆಫೀಸಿನಲ್ಲಿ ಕೇಳಿ ಇ-ಪೆಹಚಾನ್ ಕಾರ್ಡಿನ ಪ್ರಿಂಟ್ ತರಲಿ, ಅದರಲ್ಲಿ ಮನೆಯವರ ಫೋಟೋ, ಹೆಸರು, ಯಾವ ಡಿಸ್ಪೆನ್ಸರಿ ಎಂಬುದು ಇರುತ್ತದೆ. ಮೊದಲು ಆ ಡಿಸ್ಪೆನ್ಸರಿಗೆ ಹೋಗಿ ಚೀಟಿ ಬರೆಸಿಕೊಳ್ಳಬೇಕು. ಹಲ್ಲಿನ ದೊಡ್ಡ ಕೆಲಸಕ್ಕೆ ನಿಮ್ಮ ಕಡೆಯಿಂದ ಬೆಂಗಳೂರಿನ ರಾಜಾಜಿನಗರದ ಇಎಸ್‌ಐ ಆಸ್ಪತ್ರೆಗೆ ಕಳಿಸಬಹುದು. ಕಲಬುರಗಿಯ ಕಡೆಯವರಿಗಂತೂ ಇಎಸ್‌ಐನದೇ ದಂತ ಕಾಲೇಜಿದೆ. ಕ್ಯೂ ಉದ್ದ, ದಿನಾಂಕ ದೂರ, ನಿಜ. ಆದರೂ ತಿಂಗಳು ತಿಂಗಳು ದುಡ್ಡು ಕಟ್ಟಿ, ಜ್ವರದ ಮಾತ್ರೆಗೂ ಆ ಕಡೆ ಹೋಗದ ಕುಟುಂಬಗಳನ್ನು ಕಂಡರೆ ನನಗೆ ಹೊಟ್ಟೆ ಉರಿಯುತ್ತದೆ.

ಎರಡನೆಯದು, ದಂತ ಕಾಲೇಜು. ನಮ್ಮ ರಾಜ್ಯದಲ್ಲಿ ಸರ್ಕಾರಿ ಖಾಸಗಿ ಸೇರಿ 40ಕ್ಕೂ ಹೆಚ್ಚಿವೆ, ತುಮಕೂರಿನಲ್ಲೇ ಒಂದು ಇದೆ. ಬೆಂಗಳೂರಿನ ಕೋಟೆ ಪ್ರದೇಶದ ಸರ್ಕಾರಿ ದಂತ ಕಾಲೇಜು, ವಿಕ್ಟೋರಿಯಾ ಆಸ್ಪತ್ರೆಯ ಬಳಿಯದು, 1958ರಿಂದ ನಡೆಯುತ್ತಿದೆ. ಕಾಲೇಜುಗಳಲ್ಲಿ ಕಲಿಯುವವರು ಕೆಲಸ ಮಾಡುತ್ತಾರೆ, ಕಲಿಸುವವರು ಹಂತಹಂತಕ್ಕೂ ಬಂದು ನೋಡುತ್ತಾರೆ. ಕ್ಲಿನಿಕ್‌ನಲ್ಲಿ ಎರಡು ಸಲಕ್ಕೆ ಮುಗಿಯುವುದು ಇಲ್ಲಿ ನಾಲ್ಕು ಸಲ ಆಗಬಹುದು, ದುಡ್ಡು ಮಾತ್ರ ಕ್ಲಿನಿಕ್‌ನದರ ಒಂದು ಪಾಲಷ್ಟೇ. 'ಸ್ಟೂಡೆಂಟ್ಸ್ ಕೈಲಿ ಪ್ರಯೋಗ ಮಾಡಿಸ್ಕೋಬೇಕಾ' ಎಂದು ಹೆದರುವವರಿಗೆ ಒಂದು ಮಾತು: ಮೇಷ್ಟ್ರು ಬಂದು ನೋಡಿ ಸಹಿ ಹಾಕದೆ ಮುಂದಿನ ಹಂತಕ್ಕೆ ಹೋಗಲಾಗದ ಹುಡುಗಿ, ಅವಸರದಲ್ಲಿರುವ ನನಗಿಂತ ಹೆಚ್ಚು ಎಚ್ಚರದಿಂದ ನಿಮ್ಮ ಹಲ್ಲು ಕೊರೆಯುತ್ತಾಳೆ. ತಾಲ್ಲೂಕು ಆಸ್ಪತ್ರೆಯಲ್ಲೇ ರೂಟ್ ಕೆನಾಲ್ ಆಗುತ್ತದೆಯೇ ಎಂದೂ ಕೇಳಿನೋಡಿ. ಕೀಳುವುದು, ಕ್ಲೀನಿಂಗ್, ತುಂಬುವುದು ಸಾಮಾನ್ಯವಾಗಿ ಇರುತ್ತದೆ. ರೂಟ್ ಕೆನಾಲ್ ಕೆಲವು ಕಡೆ ಮಾತ್ರ, ಕ್ಯಾಪ್ ಅಪರೂಪ.

ಕ್ಯಾಪ್ ಎರಡು ತಿಂಗಳು ಬಿಟ್ಟು ಹಾಕಿಸಿಕೊಂಡರೂ ನಡೆಯುತ್ತದೆ, ಅಷ್ಟರವರೆಗೆ ಆ ಕಡೆ ಕಡಲೆ ಕಡಿಯಬಾರದು ಅಷ್ಟೇ. ನರ ಸತ್ತ ಹಲ್ಲು ಪೆಡಸಾಗಿರುತ್ತದೆ, ಸೀಳಿದರೆ ಕೀಳುವುದೊಂದೇ ಉಳಿಯುವುದು. ಕೈಯಲ್ಲಿ ದುಡ್ಡಿಲ್ಲವೆಂದು ನೀವು 'ಕಿತ್ತೇ ಬಿಡಿ' ಎಂದು ತೀರ್ಮಾನಿಸಿದರೆ ನಾನು ಬೈಯುವುದಿಲ್ಲ. ಆದರೆ ಆ ತೀರ್ಮಾನಕ್ಕೆ ಮುಂಚೆ ಇಎಸ್‌ಐ ಕೇಳಿರಬೇಕು.

ಮೂವರೂ ಒಟ್ಟಿಗೆ ಹೊರಡಬೇಡಿ, ಮೊದಲು ಮಗಳು. ಸೋಮವಾರ ಆಸ್ಪತ್ರೆಯಲ್ಲಿ ಸಂತೆಯಷ್ಟು ಜನ, ಮಂಗಳವಾರವೋ ಬುಧವಾರವೋ ಓಪಿಡಿ ಚೀಟಿ ಕೊಡುವ ಹೊತ್ತಿಗೇ ಹೋಗಿ. ತಿಂಡಿ ತಿನ್ನಿಸಿಯೇ ಕರೆದೊಯ್ಯಿರಿ, ಹಸಿದ ಮಗು ಕುರ್ಚಿಯಲ್ಲಿ ಹೆಚ್ಚು ಹೆದರುತ್ತದೆ. ಬಿಪಿಎಲ್ ಕಾರ್ಡ್, ಮಗಳ ಆಧಾರ್ ಇರಲಿ. ಮತ್ತೆ, ಆ ಕ್ಲಿನಿಕ್‌ನಲ್ಲಿ ನಿಮ್ಮ ಹಲ್ಲಿಗೆ ಎಕ್ಸ್‌ರೇ ತೆಗೆದಿದ್ದರೆ ಅದನ್ನು ಕೇಳಿ ಇಸಿದುಕೊಳ್ಳಿ. ಫಿಲ್ಮ್ ಕೊಡಲಿ, ಇಲ್ಲವೇ ಫೋನಿಗೆ ಕಳಿಸಲಿ. ದುಡ್ಡು ಕೊಟ್ಟು ತೆಗೆಸಿದ್ದು, ಅದು ನಿಮ್ಮದು.